ಎಲ್ಲಿ ಇಳಿಯುತ್ತೀರಿ?

ನಮ್ಮ ಕಡೆಯ ರೈಲಿನಲ್ಲಿ ಅಪರಿಚಿತರು ಅಪರಿಚಿತರಾಗಿಯೇ ಉಳಿಯುವುದು ಕಷ್ಟ. ಅರಸೀಕೆರೆಯಲ್ಲಿ ಹತ್ತಿದವರು ಕಡೂರು ಬರುವಷ್ಟರಲ್ಲಿ ನಿಮ್ಮ ಊರು, ಸಂಬಳ, ಮಗಳ ನಕ್ಷತ್ರ ವಿಚಾರಿಸಿ, ಬೀರೂರಿನಲ್ಲಿ ಗಂಡನ್ನೂ ಸೂಚಿಸಿಯಾರು. ಮುಂಬೈಯ ಮಲಾಡಿನಲ್ಲಿ ಬೆಳಗಿನ ಚರ್ಚ್‌ಗೇಟ್ ಲೋಕಲ್ ಹತ್ತುವವರಿಗೆ ಈ ಭಾಗ್ಯವಿಲ್ಲ. ಅಲ್ಲಿರುವುದು ಒಂದೇ ಪ್ರಶ್ನೆ: ‘ಕಹಾಂ ಉತರೇಂಗೆ?’ ಇಷ್ಟಕ್ಕೇ ಮುಂಬೈಯವರಿಗೆ ಎದೆಯಲ್ಲಿ ತೇವವಿಲ್ಲ ಎಂದು ತೀರ್ಪು ಕೊಡುವವರಿದ್ದಾರೆ. ನನಗೋ, ಇಷ್ಟು ಕಡಿಮೆ ಮಾತಿನಲ್ಲಿ ಇಷ್ಟು ದೊಡ್ಡ ನಂಬಿಕೆಯ ವ್ಯವಹಾರ ಬೇರೆಲ್ಲೂ ನಡೆಯುವುದಿಲ್ಲ ಎನಿಸುತ್ತದೆ.

ಬೊರಿವಲಿಯಿಂದ ಹೊರಟ ಗಾಡಿ ಕಾಂದಿವಲಿ ದಾಟಿ ಮಲಾಡಿಗೆ ಬರುವಾಗ ಸೀಟುಗಳೆಲ್ಲ ಭರ್ತಿ. ದಕ್ಷಿಣಕ್ಕೆ ಹೋಗಬೇಕಾದ ಜಾಣರು ಸೀಟಿಗಾಗಿ ಮೊದಲು ಉತ್ತರಕ್ಕೆ ಯಾತ್ರೆ ಹೋಗಿಬರುತ್ತಾರೆ. ಉಳಿದವರು ಕೂತವರ ಮುಂದೆ ನಿಂತು ಆ ಪ್ರಶ್ನೆ ಎಸೆಯುತ್ತಾರೆ. ‘ಅಂಧೇರಿ’ ಎಂದರೆ ಅದೃಷ್ಟ. ನಡುವೆ ಗೋರೆಗಾಂವ್, ರಾಮ ಮಂದಿರ, ಜೋಗೇಶ್ವರಿ ಮೂರೇ ನಿಲ್ದಾಣ. ‘ಚರ್ಚ್‌ಗೇಟ್’ ಎಂದರೆ ಪಕ್ಕದವರ ಮುಖ ನೋಡಬೇಕು. ಅಂಧೇರಿಯಲ್ಲಿ ಆಸ್ತಿ ಕೇಳಿದವರಿಗೇ ಸಲ್ಲುತ್ತದೆ. ನೋಂದಣಿಯಿಲ್ಲ, ದಾಯಾದಿಗಳ ತಕರಾರಿಲ್ಲ. ಮೂವರ ಬೆಂಚಿನಲ್ಲಿ ನಾಲ್ಕನೆಯವರಿಗೂ ಅರ್ಧ ತೊಡೆಯಷ್ಟು ಹಕ್ಕುಂಟು. ಅದನ್ನು ಬೇಡಲು ಮಾತೂ ಬೇಡ, ಎರಡು ಬೆರಳಿನ ಸನ್ನೆ ಸಾಕು.

ಇದು ಸ್ನೇಹವಲ್ಲ, ಸ್ವಾರ್ಥ ಎನ್ನಬಹುದು. ಕೇಳುವವರದು ಸ್ವಾರ್ಥವೇ, ಒಪ್ಪಿದೆ. ಆದರೆ ಉತ್ತರಿಸುವವರಿಗೆ ಬರುವುದೇನು? ಇಳಿದ ಮೇಲೆ ಅಲ್ಲಿ ಯಾರು ಕೂತರೂ ಅವರಿಗೆ ನಷ್ಟವಿಲ್ಲ. ಆದರೂ ಏಳುವ ಮುನ್ನ ಕೊಟ್ಟ ಮಾತು ನೆನೆದು ಕಣ್ಣಲ್ಲೇ ಕರೆಯುತ್ತಾರೆ. ಹಾಗಾದರೆ ನಾಲ್ಕು ಮಾತಾಡಿದರೇನು ಎನ್ನುವಿರಾ? 1853ರ ಏಪ್ರಿಲ್ 16ರಂದು ಬೋರಿಬಂದರಿನಿಂದ ಠಾಣೆಗೆ ಹೊರಟ ಮೊದಲ ರೈಲಿನಲ್ಲಿ 14 ಬೋಗಿಗಳಿಗೆ ಸುಮಾರು 400 ಅತಿಥಿಗಳು. ಅವರು ಕಾಲು ಚಾಚಿ ಕುಶಲ ವಿಚಾರಿಸಿರಬಹುದು. ಇಂದಿನ ಲೋಕಲಿನಲ್ಲಿ ಒಂದು ಚದರ ಮೀಟರಿನಲ್ಲಿ 14ರಿಂದ 16 ಮಂದಿ ನಿಲ್ಲುವ ದಟ್ಟಣೆಗೆ ರೈಲ್ವೆಯವರೇ ಹೆಸರಿಟ್ಟಿದ್ದಾರೆ. ಪರರ ಮೊಣಕೈ ನಮ್ಮ ಪಕ್ಕೆಲುಬಿನಲ್ಲಿರುವಾಗ ಅವರ ಪ್ರಶ್ನೆಯಾದರೂ ಹೊರಗಿರುವುದು ದೊಡ್ಡ ಉಪಕಾರ.

ಜಗಳಗಳ ಕತೆಯೇನು ಎಂಬುದು ಕೊನೆಯ ಆಕ್ಷೇಪ. ಜಗಳವಿದೆ ಎಂದರೆ ಕಟ್ಟಳೆಯೂ ಇದೆ ಎಂದೇ ಅರ್ಥ. ಸಂಜೆಯ ವಿರಾರ್ ಫಾಸ್ಟ್ ದೂರದವರದು. ಅದನ್ನು ಹತ್ತಿ ಬೊರಿವಲಿಯಲ್ಲಿ ಇಳಿಯಹೊರಟವರು ಆ ಕಟ್ಟಳೆ ಮುರಿದವರು. ಈ ಕಾನೂನಿಗೆ ಪುಸ್ತಕವಿಲ್ಲ, ವಕೀಲರಿಲ್ಲ; ಶಿಕ್ಷೆ ಮಾತ್ರ ತತ್‌ಕ್ಷಣ: ಬಾಗಿಲಿಗೆ ದಾರಿ ಕೊಡದೆ, ಪುಕ್ಕಟೆಯಾಗಿ ಭಾಯಂದರ್ ದರ್ಶನ.