ಬಲಗಡೆಯವರಿಗೆ ಬರುವಾಗ ಸಿಗುತ್ತೆ

'ಒಂದೇ ದಿನದಲ್ಲಿ ಸಮಗ್ರ ಸಾಂಸ್ಕೃತಿಕ ಬೆಂಗಳೂರು' ಪ್ರವಾಸದ ಮಾರ್ಗದರ್ಶಿಗಳಾದ ತಮಗೆ, ಸೀಟು ನಂಬರ್ 17 ಮತ್ತು 18ರವರ ನಮಸ್ಕಾರಗಳು.

ನಮ್ಮ ಗುರುತು ಸಿಗಲಿಕ್ಕಿಲ್ಲ. ಸುಳಿವು ಕೊಡುತ್ತೇನೆ. ನೀವು 'ಅಜ್ಜಿ' ಎಂದು ಕರೆದಾಗ ತಿರುಗಿ ನೋಡದೆ, 'ಅಮ್ಮಾ' ಅಂದಾಗ ಮಾತ್ರ ಓಗೊಟ್ಟರಲ್ಲ, ಅವರು ನನ್ನ ಚಿಕ್ಕಮ್ಮ. ಎಪ್ಪತ್ತೆಂಟು ವರ್ಷ, ತೀರ್ಥಹಳ್ಳಿ ಕಡೆಯವರು. ಬೆಂಗಳೂರಿಗೆ ಹದಿನಾಲ್ಕು ಸಲ ಬಂದು ಮದುವೆ ಛತ್ರಗಳನ್ನೂ ಆಸ್ಪತ್ರೆಗಳನ್ನೂ ಮಾತ್ರ ನೋಡಿಕೊಂಡು ಹೋದವರು. "ಈ ಸಲ ಊರು ತೋರಿಸು ಮಾರಾಯ್ತಿ" ಅಂದರು. ನಾನು ಹನುಮಂತನಗರದಲ್ಲಿ ಮೂವತ್ತೆಂಟು ವರ್ಷದಿಂದ ಇರುವವಳು. ಊರು ತೋರಿಸಲು ನನಗೆಲ್ಲಿ ಬರಬೇಕು? ಹಾಗಾಗಿ ನಿಮ್ಮಲ್ಲಿ ಎರಡು ಟಿಕೆಟ್ ಕೊಂಡೆ.

ದಿನದ ಕೊನೆಗೆ ಒಂದು ಹಾಳೆ ಕೊಟ್ಟು "ನಿಮ್ಮ ಅಭಿಪ್ರಾಯ ಬರೀರಿ, ಐದು ಸ್ಟಾರ್ ಹಾಕಿ" ಅಂದಿರಿ. ಹಾಳೆಯಲ್ಲಿ ಎರಡೇ ಗೆರೆ ಜಾಗ ಇತ್ತು. ಉಳಿದದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ನಿಮ್ಮ ಭಾಷಾನೀತಿಗೆ ಅಭಿನಂದನೆ. ಮೈಕಿನಲ್ಲಿ ಪ್ರತಿ ಜಾಗದ ಬಗ್ಗೆ ಇಂಗ್ಲಿಷಿನಲ್ಲಿ ಮೂರು ನಿಮಿಷ ಹೇಳಿದಿರಿ, ಹಿಂದಿಯಲ್ಲಿ ಒಂದು ಜೋಕು ಸೇರಿಸಿ ಐದು ನಿಮಿಷ ಹೇಳಿದಿರಿ. ಆಮೇಲೆ ನಮ್ಮ ಕಡೆ ತಿರುಗಿ, "ಕನ್ನಡದವರಿಗೆ ಹೇಳೋದೇನಿದೆ, ಎಲ್ಲಾ ಗೊತ್ತಿರುತ್ತಲ್ಲ" ಅಂತ ಮುಗಿಸಿದಿರಿ. ಇಷ್ಟು ದೊಡ್ಡ ಗೌರವವನ್ನು ನಮಗೆ ಈ ಊರಿನಲ್ಲಿ ಯಾರೂ ಕೊಟ್ಟಿರಲಿಲ್ಲ.

ಒಂದು ಕಥೆಯನ್ನು ಮಾತ್ರ ಮೂರು ಭಾಷೆಯಲ್ಲೂ ಹೇಳಿದಿರಿ. ಹನ್ನೆರಡನೇ ಶತಮಾನ, ಹೊಯ್ಸಳ ದೊರೆ ವೀರಬಲ್ಲಾಳ, ಬೇಟೆ, ದಾರಿ ತಪ್ಪಿದ್ದು, ಮುದುಕಿ, ಬೆಂದ ಕಾಳು, ಬೆಂದಕಾಳೂರು. ಬಸ್ಸು ಚಪ್ಪಾಳೆ ತಟ್ಟಿತು. ಬೇಗೂರಿನ ನಾಗೇಶ್ವರ ದೇವಸ್ಥಾನದಲ್ಲಿ ಕ್ರಿ.ಶ. 890ರ ಸುಮಾರಿನ ಒಂದು ವೀರಗಲ್ಲಿದೆ. ಬೆಂಗಳೂರಿನ ಕಾಳಗದಲ್ಲಿ ಸತ್ತವನ ಕಲ್ಲು. ಊರಿನ ಹೆಸರು ಅದರ ಮೇಲೆ ಕನ್ನಡದಲ್ಲೇ ಕೊರೆದಿದೆ. ಅಂದಮೇಲೆ ಆ ಮುದುಕಿ, ದೊರೆ ಬರುವುದಕ್ಕೆ ಸುಮಾರು ಮುನ್ನೂರು ವರ್ಷ ಮುಂಚೆಯೇ ಕಾಳನ್ನು ಒಲೆಯ ಮೇಲೆ ಇಟ್ಟಿರಬೇಕು. ಇದನ್ನು ಚಿಕ್ಕಮ್ಮನಿಗೆ ಪಿಸುಗುಟ್ಟಿದೆ. "ಅಷ್ಟು ಹೊತ್ತು ಬೇಯಿಸಿದರೆ ಎಂತ ಕಾಳು ಉಳೀತದೆ? ಸಾರೂ ಇಂಗಿರ್ತದೆ" ಅಂದರು. ನನ್ನ ಪಾಂಡಿತ್ಯ ನೋಡಿ ಬೆರಗಾಗಬೇಡಿ. ಬೇಗೂರಿಗೆ ನಾನೂ ಹೋಗಿಲ್ಲ. ಪತ್ರಿಕೆಯಲ್ಲಿ ಓದಿದ್ದು.

ಗವಿ ಗಂಗಾಧರೇಶ್ವರದಲ್ಲಿ ಇಪ್ಪತ್ತು ನಿಮಿಷ ಕೊಟ್ಟಿರಿ. ಹದಿಮೂರು ನಿಮಿಷ ಚಪ್ಪಲಿ ಬಿಡುವುದರಲ್ಲಿ, ಹುಡುಕುವುದರಲ್ಲಿ ಹೋಯಿತು. ಮಕರ ಸಂಕ್ರಾಂತಿಯ ಸಂಜೆ ಸೂರ್ಯನ ಕಿರಣ ನಂದಿಯ ಕೊಂಬುಗಳ ನಡುವೆ ಹಾಯ್ದು ಗುಹೆಯೊಳಗಿನ ಲಿಂಗದ ಮೇಲೆ ಬೀಳುತ್ತದೆ. ಇದನ್ನು ನೀವು ಆಗಸ್ಟ್ ತಿಂಗಳ ಬೆಳಿಗ್ಗೆ ಒಂಬತ್ತು ಗಂಟೆಗೆ, ಮೋಡ ಕವಿದಿದ್ದಾಗ, "ಇಮ್ಯಾಜಿನ್ ಮಾಡ್ಕೊಳ್ಳಿ" ಎಂದು ತೋರಿಸಿದಿರಿ. ಮಾಡಿಕೊಂಡೆವು. ಒಳಗೆ ಅಗ್ನಿಯ ವಿಗ್ರಹವಿದೆ: ಎರಡು ತಲೆ, ಮೂರು ಕಾಲು, ಏಳು ಕೈ. ಅದರ ಮುಂದೆ ನಿಲ್ಲಲು ಬಿಡಲಿಲ್ಲ. ನಿಮ್ಮ ಅವಸರ ಆಮೇಲೆ ಅರ್ಥವಾಯಿತು. ಪ್ರತಿ ನಿಲ್ದಾಣದಲ್ಲೂ ತಲೆ ಎಣಿಸುವವರಿಗೆ ಅಂಥ ಪ್ರಯಾಣಿಕನೊಬ್ಬ ಬಸ್ಸು ಹತ್ತಿದರೆ ಲೆಕ್ಕ ಕೆಡುತ್ತದೆ.

ಅಲ್ಲಿಂದ ದೊಡ್ಡ ಬಸವಣ್ಣ. ಹದಿನೈದು ಅಡಿ ಎತ್ತರ, ಹದಿನೈದು ನಿಮಿಷ. ಅಡಿಗೊಂದು ನಿಮಿಷದಂತೆ ಹಂಚಿದ ನಿಮ್ಮ ನ್ಯಾಯಬುದ್ಧಿ ಮೆಚ್ಚಬೇಕು. ಕಡಲೆಕಾಯಿ ಹೊಲಕ್ಕೆ ನುಗ್ಗಿದ ಗೂಳಿ, ರೈತನ ಕೋಪ, ಕಲ್ಲಾದ ಗೂಳಿ, ಅದು ಬೆಳೆಯದಂತೆ ನೆತ್ತಿಯ ಮೇಲೆ ನೆಟ್ಟ ತ್ರಿಶೂಲ, ಎಲ್ಲ ಹೇಳಿದಿರಿ. ಕಾರ್ತಿಕದ ಕಡೇ ಸೋಮವಾರದ ಪರಿಷೆಯ ವಿಷಯವೂ ಬಂತು. ಬಿಟ್ಟದ್ದು ಒಂದೇ. ಆ ಬಸವಣ್ಣನ ಪಾದದ ಹತ್ತಿರ ಒಂದು ನದಿ ಹುಟ್ಟುತ್ತದೆ ಅಂತ ನಮ್ಮ ಕಡೆಯ ನಂಬಿಕೆ. ಅದಕ್ಕೇ ಅದು ವೃಷಭಾವತಿ. ಆ ನದಿ ಮಧ್ಯಾಹ್ನ ನಮಗೆ ಎದುರಾಯಿತು, ಹೇಳುತ್ತೇನೆ.

ಟಿಪ್ಪುವಿನ ಬೇಸಿಗೆ ಅರಮನೆಯಲ್ಲಿ ನನಗೆ ನಿಜಕ್ಕೂ ಹೊಟ್ಟೆ ಉರಿಯಿತು. ಹೈದರ್ ಶುರು ಮಾಡಿ, ಮಗ 1791ರಲ್ಲಿ ಮುಗಿಸಿದ ಮನೆ. ತೇಗದ ಕಂಬಗಳು, ಮೇಲಕ್ಕೆ ನೋಡಿದರೆ ಬಣ್ಣ ಮಾಸಿದ ಹೂಬಳ್ಳಿ. ಸ್ವರ್ಗವೇ ಅಸೂಯೆಪಡುವ ಮನೆ ಎಂದು ಪಾರ್ಸಿಯಲ್ಲಿ ಬರೆಸಿಕೊಂಡಿದ್ದಾನೆ. ಅದೇ 1791ರ ಮಾರ್ಚಿನಲ್ಲಿ ಕಾರ್ನ್‌ವಾಲಿಸನ ಸೈನ್ಯ ಬೆಂಗಳೂರು ಕೋಟೆಯ ಗೋಡೆ ಒಡೆದು ಒಳಗೆ ಬಂತು. ಮನೆ ಕಟ್ಟಿಸಿದವನಿಗೆ ನೆಮ್ಮದಿಯಾಗಿ ಒಂದು ಬೇಸಿಗೆ ಕಳೆಯಲು ಕಷ್ಟವಾಯಿತು. ಈ ಸಂಗತಿಯನ್ನು ನೀವು ಮಾತಿನಲ್ಲಿ ಹೇಳಲಿಲ್ಲ, ನಮಗೂ ಅಲ್ಲಿ ನೆಮ್ಮದಿಯಾಗಿ ಇರಲು ಬಿಡದೆ ಅನುಭವಕ್ಕೆ ತಂದಿರಿ. "ಸೆಲ್ಫಿ ತಗೊಂಡವರು ಬಸ್ಸು ಹತ್ತಿ!" ಚಿಕ್ಕಮ್ಮ ಒಂದು ಕಂಬಕ್ಕೆ ಕೈ ಇಟ್ಟು, "ನಮ್ಮ ಮನೆ ಕಂಬ ಇದಕ್ಕಿಂತ ದಪ್ಪ. ಆದರೆ ಈ ಕೆತ್ತನೆ ಮಾಡುವ ಆಚಾರಿ ನಮ್ಮಲ್ಲಿ ಇರಲಿಲ್ಲ" ಎಂದು ಒಪ್ಪಿಕೊಂಡರು. ಅವರ ಬಾಯಿಂದ ಅಷ್ಟು ಬಂದರೆ ಅದು ಪದ್ಮಭೂಷಣಕ್ಕೆ ಸಮ.

ಲಾಲ್‌ಬಾಗಿನ ಬಂಡೆಗೆ ಹನ್ನೆರಡು ನಿಮಿಷ. ಬಂಡೆಯ ವಯಸ್ಸು ಸುಮಾರು ಮುನ್ನೂರು ಕೋಟಿ ವರ್ಷ. ನಿಮಿಷಕ್ಕೆ ಇಪ್ಪತ್ತೈದು ಕೋಟಿ ವರ್ಷದಂತೆ ನೋಡಿಕೊಂಡು ಬಂದೆವು. ಮೇಲಿರುವ ಕೆಂಪೇಗೌಡರ ಗೋಪುರ ತಲುಪುವ ಹೊತ್ತಿಗೆ ನಿಮ್ಮ ಸೀಟಿ ಕೇಳಿಸಿತು. ಗಾಜಿನ ಮನೆಯನ್ನು ದೂರದಿಂದ ತೋರಿಸಿ "ಫ್ಲವರ್ ಶೋ ಟೈಮಲ್ಲಿ ಬನ್ನಿ" ಅಂದಿರಿ. ಗವಿಗೆ ಸಂಕ್ರಾಂತಿಗೆ ಬರಬೇಕು, ಬಸವಣ್ಣನಿಗೆ ಕಾರ್ತಿಕಕ್ಕೆ, ಇಲ್ಲಿಗೆ ಹೂವಿನ ಪ್ರದರ್ಶನಕ್ಕೆ. ಸಮಗ್ರ ಅನ್ನುವುದು ಒಂದು ದಿನದ ಪ್ರವಾಸವೋ ಒಂದು ವರ್ಷದ್ದೋ ಎಂದು ಚಿಕ್ಕಮ್ಮ ಕೇಳಿದರು. ನೀವು ಆಗ ಫೋನಿನಲ್ಲಿದ್ದಿರಿ.

ಈಗ ನೀವು ಕರೆದೊಯ್ದ ಮಳಿಗೆಯ ವಿಷಯಕ್ಕೆ ಬರೋಣ. ಟಿಕೆಟ್ಟಿನ ಹಿಂದಿನ ಪಟ್ಟಿಯಲ್ಲಿ ಅದರ ಹೆಸರು ಇರಲಿಲ್ಲ. ಊಟವಾದ ಮೇಲೆ ಬಸ್ಸು ಮೈಸೂರು ರಸ್ತೆ ಕಡೆ ತಿರುಗಿತು. ಹೋಗುತ್ತಾ ಹೋಗುತ್ತಾ ಒಂದು ವಾಸನೆ ಬಂತು. "ಕಿಟಕಿ ಹಾಕ್ಕೊಳ್ಳಿ, ಮೋರಿ" ಅಂತ ಮೈಕಿನಲ್ಲೇ ಹೇಳಿದಿರಿ. ಮಾರ್ಗದರ್ಶಿಗಳೇ, ಅದು ಮೋರಿ ಅಲ್ಲ. ಬೆಳಿಗ್ಗೆ ಬಸವಣ್ಣನ ಪಾದದಲ್ಲಿ ನೀವು ಬಿಟ್ಟುಬಂದ ನದಿ. ಕೆಂಗೇರಿ ದಾಟಿ ಮುಂದೆ ಅರ್ಕಾವತಿ ಸೇರಿ, ಅರ್ಕಾವತಿಯ ಜೊತೆ ಕಾವೇರಿಗೆ ಹೋಗುತ್ತದೆ. ನಾವು ಬೆಂಗಳೂರಿನವರು ಬುದ್ಧಿವಂತರು. ಕುಡಿಯುವ ಕಾವೇರಿ ನೀರನ್ನು ಅದಕ್ಕೂ ಮೇಲೆಯೇ ಎತ್ತಿಕೊಳ್ಳುತ್ತೇವೆ. ಇಡೀ ದಿನದಲ್ಲಿ ಬಸ್ಸಿನ ಎಡಗಡೆಯವರಿಗೂ ಬಲಗಡೆಯವರಿಗೂ ಸಮನಾಗಿ ಸಿಕ್ಕ ಸಾಂಸ್ಕೃತಿಕ ಅನುಭವ ಅದೊಂದೇ. ಅದಕ್ಕೇ ಕಿಟಕಿ ಮುಚ್ಚಿಸಿಬಿಟ್ಟಿರಿ.

ಮಳಿಗೆಯಲ್ಲಿ ಐವತ್ತೈದು ನಿಮಿಷ. ಸೀಟಿ ಇಲ್ಲ, ಅವಸರ ಇಲ್ಲ. ಕುಳಿತುಕೊಳ್ಳಲು ಕುರ್ಚಿ, ಕುಡಿಯಲು ಬಾದಾಮಿ ಹಾಲು. ನೀವೂ ಒಳಗಿನ ಕೋಣೆಯಲ್ಲಿ ಬಿಸ್ಕತ್ತು ತಿನ್ನುತ್ತಾ ಮೊದಲ ಬಾರಿಗೆ ಮನುಷ್ಯರಂತೆ ಕಂಡಿರಿ. ಒಬ್ಬ ಹುಡುಗ ಅಂಗೈ ಅಗಲದ ಆನೆಯನ್ನು ತಂದು "ಪ್ಯೂರ್ ಸ್ಯಾಂಡಲ್, ಮೂಸಿ ನೋಡಿ ಅಜ್ಜಿ" ಅಂದ. ಚಿಕ್ಕಮ್ಮ ಮೂಸಿದರು. ಉಗುರಿನಲ್ಲಿ ಹೊಟ್ಟೆಯಡಿ ಒಂದು ಗೀಟು ಹಾಕಿ ಮತ್ತೆ ಮೂಸಿದರು. "ಹಾಲೆ ಮರ. ಎಣ್ಣೆ ಸವರಿದ್ದೀರಿ" ಅಂದರು. ಹುಡುಗ ಆನೆಯನ್ನು ತೆಗೆದುಕೊಂಡು ಹೋದವನು ತಿರುಗಿ ಬರಲಿಲ್ಲ. ಪಾಪ, ಅವನ ತಪ್ಪೇನಿದೆ.

ವಸ್ತುಸಂಗ್ರಹಾಲಯದ ಬಗ್ಗೆ ಹೆಚ್ಚು ಹೇಳುವುದಿಲ್ಲ, ಯಾಕೆಂದರೆ ನೀವು ಒಳಗೆ ಬರಲಿಲ್ಲ, ಗೇಟಿನ ಹತ್ತಿರ ಸೌತೆಕಾಯಿ ತಿನ್ನುತ್ತಿದ್ದಿರಿ. ಬೇಗೂರಿನದೇ ಇನ್ನೊಂದು ದೊಡ್ಡ ವೀರಗಲ್ಲು, ಆನೆ ಕುದುರೆಗಳ ಯುದ್ಧವನ್ನೇ ಕೆತ್ತಿದ್ದು, ಸೇರಿರುವುದು ಆ ಸಂಗ್ರಹಕ್ಕೇ. ಬೆಂದಕಾಳಿನ ಕಥೆ ಹೇಳುವವರು ಒಳಗೆ ಹೋಗದಿರುವುದೇ ಕ್ಷೇಮ.

ವಿಧಾನಸೌಧಕ್ಕೆ ಹತ್ತು ನಿಮಿಷ, ರಸ್ತೆಯ ಆಚೆಯಿಂದ. 1951ರಲ್ಲಿ ನೆಹರೂ ಅಡಿಗಲ್ಲು, 1956ರಲ್ಲಿ ಪೂರ್ತಿ, ಕೆಂಗಲ್ ಹನುಮಂತಯ್ಯನವರ ಕನಸು. ಇಷ್ಟನ್ನು ನೀವು ಸರಿಯಾಗಿಯೇ ಹೇಳಿದಿರಿ. ಕಟ್ಟಡ ಮುಗಿಯುವ ವರ್ಷವೇ ಅವರ ಕುರ್ಚಿ ಹೋಯಿತು ಎನ್ನುವುದನ್ನು ಹೇಳಲಿಲ್ಲ. ಟಿಪ್ಪುವಿನ ಮನೆಯ ಪಕ್ಕಕ್ಕೆ ಇಟ್ಟು ಹೇಳಿದ್ದರೆ ಒಳ್ಳೆಯ ಕಥೆ ಆಗುತ್ತಿತ್ತು. ಮುಂಭಾಗದಲ್ಲಿ ಸರ್ಕಾರದ ಕೆಲಸ ದೇವರ ಕೆಲಸ ಎಂದು ಬರೆದಿದೆ ಅಂತ ಚಿಕ್ಕಮ್ಮನಿಗೆ ಓದಿ ಹೇಳಿದೆ. "ಹೌದು ಮತ್ತೆ. ಹರಕೆ ಹೊರಬೇಕು, ಸುತ್ತು ಬರಬೇಕು, ಕೊಟ್ಟರೆ ಕೊಟ್ಟ" ಅಂದರು. ನಲವತ್ತು ವರ್ಷದ ಹಿಂದಿನ ಗೇಣಿ ಜಮೀನಿನ ದಾಖಲೆ ಇನ್ನೂ ಸರಿಯಾಗದವರ ಮಾತಿದು.

ಬಲಗಡೆ ಸೀಟಿನ ನಮ್ಮ ಅಹವಾಲಿಗೆ ಬರುತ್ತೇನೆ. ದಿನವಿಡೀ "ಎಡಗಡೆ ನೋಡಿ, ಎಡಗಡೆ ನೋಡಿ" ಅಂದಿರಿ. ನಮಗೆ ಕಂಡದ್ದು ಎಡಗಡೆಯವರ ತಲೆಗಳು. ಕೇಳಿದರೆ, "ಬಲಗಡೆಯವರಿಗೆ ಬರುವಾಗ ಸಿಗುತ್ತೆ" ಅಂದಿರಿ. ಬರುವಾಗ ಬೇರೆ ದಾರಿಯಲ್ಲಿ ಬಂದಿರಿ. ಬೇಸರವೇನಿಲ್ಲ. ಬಲಗಡೆಯಲ್ಲಿ ನಮಗೆ ಬೇರೊಂದು ಪ್ರವಾಸ ನಡೆಯುತ್ತಿತ್ತು. ಬೆಳಿಗ್ಗೆ ನಿಮ್ಮ ಬಸ್ಸು ಹೊರಟ ಮೆಜೆಸ್ಟಿಕ್, ಧರ್ಮಾಂಬುಧಿ ಕೆರೆಯ ಅಂಗಳ. ನೀವು "ಸ್ಟೇಡಿಯಂ" ಎಂದು ಒಂದೇ ಮಾತಿನಲ್ಲಿ ದಾಟಿಸಿದ ಕಂಠೀರವ, ಸಂಪಂಗಿ ಕೆರೆ. ಮುಕ್ಕಾಲು ಗಂಟೆ ಕದಲದೆ ನಿಂತ ಕೆ.ಆರ್. ಮಾರುಕಟ್ಟೆ, ಸಿದ್ದಿಕಟ್ಟೆ. "ಕೆರೆ ಎಲ್ಲಿದೆ?" ಎಂದು ಚಿಕ್ಕಮ್ಮ ಪ್ರತಿ ಸಲ ಕೇಳುತ್ತಿದ್ದರು. "ನಾವು ಅದರ ಮೇಲೇ ಇದ್ದೇವೆ" ಎನ್ನುತ್ತಿದ್ದೆ. ಮೂರನೇ ಸಲಕ್ಕೆ ಅವರು ಕಾಲನ್ನು ಸೀಟಿನ ಮೇಲೆ ಮಡಚಿಕೊಂಡು ಕೂತರು.

ಅವರ ಕೈಗಡಿಯಾರದ ಲೆಕ್ಕ ಹೀಗಿದೆ. ಬೆಳಿಗ್ಗೆ ಏಳೂವರೆಯಿಂದ ಸಂಜೆ ಆರೂವರೆ, ಹನ್ನೊಂದು ಗಂಟೆ. ನೋಡಿದ್ದು ಎರಡು ಗಂಟೆ ಹತ್ತು ನಿಮಿಷ. ಬಾಕಿಯದರಲ್ಲಿ ಮಳಿಗೆ, ಊಟ, ತಲೆ ಎಣಿಕೆ ಕಳೆದರೆ ಆರೂವರೆ ಗಂಟೆ ಬಸ್ಸಿನಲ್ಲೇ ಕೂತಿದ್ದು. ಈ ಅಂಶವನ್ನು ಜಾಹೀರಾತಿನಲ್ಲಿ ಮುಚ್ಚಿಡುವುದೇಕೆ? ಬೆಂಗಳೂರಿನ ಬದುಕನ್ನು ಇಷ್ಟು ಪ್ರಾಮಾಣಿಕವಾಗಿ ತೋರಿಸುವ ಪ್ರವಾಸ ಬೇರೆ ಇಲ್ಲ ಎಂದು ದಪ್ಪಕ್ಷರದಲ್ಲಿ ಹಾಕಿಸಿ.

ಅಂದಹಾಗೆ, ಪೇಟೆಗಳಿಗೆ ಯಾಕೆ ಕರೆದುಕೊಂಡು ಹೋಗಲಿಲ್ಲ ಎಂದು ನಾನೇ ಕೇಳಿದ್ದೆ. ಚಿಕ್ಕಪೇಟೆ, ಬಳೇಪೇಟೆ, ಅಕ್ಕಿಪೇಟೆ, ತರಗುಪೇಟೆ, ಕೆಂಪೇಗೌಡರು ಕಟ್ಟಿದ ಊರು ಅಂದರೆ ಅದೇ ತಾನೇ. "ಅಲ್ಲಿ ಬಸ್ಸು ಹೋಗಲ್ಲ ಮೇಡಂ, ಪಾರ್ಕಿಂಗ್ ಇಲ್ಲ" ಅಂದಿರಿ. ಯಾವುದು ಸಂಸ್ಕೃತಿ, ಯಾವುದು ಅಲ್ಲ ಎಂದು ವಿದ್ವಾಂಸರು ಎಷ್ಟೋ ಕಾಲದಿಂದ ತಲೆ ಕೆಡಿಸಿಕೊಂಡಿದ್ದಾರೆ. ನೀವು ಒಂದೇ ಮಾತಿನಲ್ಲಿ ಬಗೆಹರಿಸಿದಿರಿ.

ಆದರೆ ಆ ಓಣಿಗಳಲ್ಲೂ ವರ್ಷಕ್ಕೊಂದು ಪ್ರವಾಸ ನಡೆಯುತ್ತದೆ. ಚೈತ್ರದ ಹುಣ್ಣಿಮೆಯ ರಾತ್ರಿ, ಧರ್ಮರಾಯಸ್ವಾಮಿ ದೇವಸ್ಥಾನದಿಂದ ಹೊರಟು, ತಲೆಯ ಮೇಲೆ ಹೂವಿನ ಕರಗ ಹೊತ್ತವನು ಮುಂದೆ, ಕತ್ತಿ ಹಿಡಿದ ವೀರಕುಮಾರರು ಸುತ್ತ. ಗುಡಿಗುಡಿಯ ಮುಂದೆ ನಿಂತು, ಕಾಟನ್‌ಪೇಟೆಯ ತವಕ್ಕಲ್ ಮಸ್ತಾನ್ ದರ್ಗಾದಲ್ಲಿ ನಮಸ್ಕಾರ ಮಾಡಿ, ಬೆಳಗಾಗುವ ಹೊತ್ತಿಗೆ ತಿರುಗಿ ಬರುತ್ತಾನೆ. ಪಾರ್ಕಿಂಗ್ ಬೇಕಿಲ್ಲ. ನಡುವೆ ಯಾವ ಮಳಿಗೆಯಲ್ಲೂ ಐವತ್ತೈದು ನಿಮಿಷ ನಿಲ್ಲಿಸುವುದಿಲ್ಲ.

ಹದಿನೈದನೇ ಸಲ ಬರುವುದಿದ್ದರೆ ಆ ರಾತ್ರಿಗೇ ಬರುತ್ತೇನೆ ಎಂದು ಚಿಕ್ಕಮ್ಮ ಹೇಳಿಹೋಗಿದ್ದಾರೆ. ನನ್ನನ್ನೂ ಎಳೆದುಕೊಂಡು ಹೋಗುತ್ತಾರಂತೆ, ಮೂವತ್ತೆಂಟು ವರ್ಷದಲ್ಲಿ ಅದನ್ನೂ ಟಿ.ವಿ.ಯಲ್ಲೇ ನೋಡಿದವಳು ನಾನು. ನಿಮ್ಮನ್ನೂ ಕರೆಯಬೇಕೆಂದು ಅವರ ಅಪ್ಪಣೆ. ಟಿಕೆಟ್ ಇಲ್ಲ. ಮೈಕು, ಸೀಟಿ ಎರಡನ್ನೂ ಮನೆಯಲ್ಲಿ ಬಿಟ್ಟು, ನಡುರಾತ್ರಿ ಊಟ ಮುಗಿಸಿಕೊಂಡು ದೇವಸ್ಥಾನದ ಹತ್ತಿರ ಬಂದುಬಿಡಿ. ತಲೆ ಎಣಿಸುವ ಕೆಲಸ ಚಿಕ್ಕಮ್ಮನದು.

ಇಂತಿ,
ಸೀಟು ನಂಬರ್ 18, ಬಲಗಡೆ