ಐರಾ, ಐರಾವತ, ಬದು

ದಾವಣಗೆರೆಯ ನಮ್ಮ ಆನೆಕೊಂಡದಲ್ಲಿ ಹೆಸರಿಡುವ ಹಳೆಯ ಲೆಕ್ಕ ಸುಲಭ. ಊರ ದೇವರು ಬಸವೇಶ್ವರ, ದಾವಣಗೆರೆಗೆ ದುಗ್ಗಮ್ಮ. ಹೆಣ್ಣು ಹುಟ್ಟಿದರೆ ಬಸಮ್ಮ, ಇಲ್ಲವೇ ದುಗ್ಗಮ್ಮ. ಅರ್ಥ ಯಾರೂ ಕೇಳುತ್ತಿರಲಿಲ್ಲ.

ಈಗ ಹಾಗಲ್ಲ. 2019ರಲ್ಲಿ ನಟ ಯಶ್ ಮತ್ತು ನಟಿ ರಾಧಿಕಾ ಪಂಡಿತ್ ಮಗಳಿಗೆ ‘ಐರಾ’ ಎಂದಿಟ್ಟರು. ಅಪ್ಪ-ಅಮ್ಮನ ಹೆಸರಿನ ಅಕ್ಷರಗಳ ಕೂಡಾಟ. ಇದು ಹಳೆಯ ಚಾಳಿಯೇ. ಹದಿನೆಂಟನೇ ಶತಮಾನದಲ್ಲೇ ಲೇಖಕ ಜೊನಾಥನ್ ಸ್ವಿಫ್ಟ್, ಗೆಳತಿ ಎಸ್ತರಳ ಹೆಸರು, ಮನೆತನದ ಹೆಸರು ಎರಡನ್ನೂ ಕತ್ತರಿಸಿ ‘ವನೆಸ್ಸಾ’ ಹೊಲಿದಿದ್ದ. ಇಂಗ್ಲಿಷ್‌ನಲ್ಲಿ ಅದಕ್ಕೂ ಮುಂಚೆ ಆ ಹೆಸರಿರಲಿಲ್ಲ.

ನಮ್ಮಜ್ಜಿಯರ ಕಿವಿಗೆ ಮಾತ್ರ ಐರಾ ಅರ್ಧ ಬಿದ್ದಂತೆ. “ಐರಾವತಾನಾ? ಬೆಂಗ್ಳೂರು ಬಸ್ಸಲ್ವೇನವ್ವಾ ಅದು?” ಆನೆಕೊಂಡಕ್ಕೆ ಇಂದ್ರನ ಬಿಳಿಯಾನೆ ಒಪ್ಪುತ್ತದೆ ಅನ್ನಿ. ಆ ಐರಾವತದ ಬೇರಿನಲ್ಲೂ ‘ಇರಾ’ ಇದೆ, ಅಂದರೆ ನೀರು.

ಆದರೆ ಅಕ್ಷರ ಕೂಡಿಸುವ ಈ ಸೂತ್ರ ಎಲ್ಲ ಮನೆಗೂ ಒಗ್ಗದು. ಅಪ್ಪ ಬಸವರಾಜ, ಅಮ್ಮ ದುರ್ಗಮ್ಮ ಆಗಿದ್ದರೆ ಮಗು ‘ಬದು’!