ಕೇಬಲ್‌ಪ್ರಾಮಾಣ್ಯ ಮೀಮಾಂಸೆ, ಅಥವಾ ಆಂಡರ್ಸನ್‌ಪೇಟೆ ನ್ಯಾಯ

ಕಾರು ಕೆಟ್ಟಾಗ ಕಾರನ್ನು ಶಂಕಿಸುವುದು ಲೋಕರೂಢಿ. ಕಾರನ್ನು ಪರೀಕ್ಷಿಸುವ ಕೇಬಲ್ಲನ್ನು ಮೊದಲು ಶಂಕಿಸುವುದು ಶಾಸ್ತ್ರ. ಈ ಶಾಸ್ತ್ರದ ಪೀಠ ಆಂಡರ್ಸನ್‌ಪೇಟೆಯಲ್ಲೇ ಇರಬೇಕೆಂಬುದಕ್ಕೆ ಭೂಗರ್ಭವೇ ಸಾಕ್ಷಿ. ಪಕ್ಕದ ಕೋಲಾರ ಚಿನ್ನದ ಗಣಿಗಳು 2001ರ ಫೆಬ್ರವರಿ 28ರಂದು ಮುಚ್ಚುವ ತನಕ, ಮೂರು ಕಿಲೋಮೀಟರಿಗೂ ಆಳದಿಂದ ಮೇಲೆ ಬಂದ ಕಲ್ಲು ಎಷ್ಟೇ ಹೊಳೆಯಲಿ, ಕುಲುಮೆಯ ಪರೀಕ್ಷೆ ಮುಗಿಯದೆ ಅದರಲ್ಲಿ ಚಿನ್ನ ಇಷ್ಟಿದೆ ಎಂದು ಯಾರೂ ಬರೆದುಕೊಳ್ಳಲಿಲ್ಲ. ಕಲ್ಲಿಗಿಲ್ಲದ ವಿನಾಯಿತಿ ನೀಲಿ ದೀಪ ಮಿನುಗಿಸುವ ಅಗ್ಗದ ಕೇಬಲ್ಲಿಗೇಕೆ?

ಈಗ ಪ್ರಮಾಣವಿಚಾರ. ‘ಎಟಿಐ’ ಎಂಬ ಆಜ್ಞೆ ಕೊಟ್ಟರೆ ಕೇಬಲ್ಲು ತನ್ನ ಫರ್ಮ್‌ವೇರಿನ ಆವೃತ್ತಿಯನ್ನು ತಾನೇ ಹೇಳುತ್ತದೆ. ಇದು ಶಬ್ದಪ್ರಮಾಣ, ಹೇಳುವವನು ಆಪ್ತನಾಗಿದ್ದರೆ ಮಾತ್ರ ಸಿಂಧು. ಕೆನಡಾದ ಎಲ್ಮ್ ಎಲೆಕ್ಟ್ರಾನಿಕ್ಸ್, ಇಂಥ ಕೇಬಲ್ಲುಗಳೊಳಗೆ ಕೂರುವ ತನ್ನ ಇಎಲ್‌ಎಂ327 ಚಿಪ್ಪಿನ ಮೊದಲ ಆವೃತ್ತಿಗೆ ನಕಲು ತಡೆಯ ಬೀಗ ಹಾಕಲಿಲ್ಲ; ಜಗತ್ತು ಆ ಔದಾರ್ಯವನ್ನು ಮರೆಯಲಿಲ್ಲ. ಆ ಕಂಪನಿ ಎಂದೂ ಹೊರತರದ 1.5 ಆವೃತ್ತಿ ಇವತ್ತು ಬೇಕಾದಷ್ಟು ಕೇಬಲ್ಲುಗಳ ಬಾಯಲ್ಲಿದೆ. ಹುಟ್ಟದ ಆವೃತ್ತಿಯ ಹೆಸರು ಹೇಳುವ ಸಾಕ್ಷಿ, ಇಂಜಿನ್ನಿನ ಮೇಲೆ ಚಾಡಿ ಹೇಳದೆ ಬಿಟ್ಟೀತೇ?

ಇಲ್ಲಿ ಪೂರ್ವಪಕ್ಷದವರು ಏಳುತ್ತಾರೆ: 1.5 ಸುಳ್ಳಾದರೆ 2.1 ಎನ್ನುವುದನ್ನು ಕೊಳ್ಳಿ, ಸಂಖ್ಯೆ ದೊಡ್ಡದಾದಷ್ಟೂ ಸರಕು ಒಳ್ಳೆಯದು. ಉತ್ತರ ಇಷ್ಟೇ: ಸಂಖ್ಯೆ ಬದಲಿಸಲು ಬೇಕಾದದ್ದು ಒಂದು ಸಾಲು ಅಕ್ಷರ, ವಿದ್ಯೆಯಲ್ಲ. ಆ ಆವೃತ್ತಿಗೆ ಗೊತ್ತಿರಲೇಬೇಕಾದ ಆಜ್ಞೆಯನ್ನು ಕೊಟ್ಟು ನೋಡಿ. ಬಹಳಷ್ಟು ನಕಲಿಗಳು ಒಂದು ಪ್ರಶ್ನಾರ್ಥಕ ಚಿಹ್ನೆಯನ್ನು ಮರಳಿಸುತ್ತವೆ. ಅವುಗಳ ಜೀವಮಾನದ ಏಕೈಕ ಪ್ರಾಮಾಣಿಕ ಉತ್ತರ ಅದು.

ಹಾಗಾದರೆ ಫರ್ಮ್‌ವೇರನ್ನೇ ಅಪ್‌ಡೇಟ್ ಮಾಡಬಾರದೇ ಎಂಬುದು ಎರಡನೆಯ ಆಕ್ಷೇಪ. ಅಸಲಿ ಇಎಲ್‌ಎಂ327ರಲ್ಲೇ ಬಳಕೆದಾರನಿಗೆ ಆ ಸೌಕರ್ಯವಿಲ್ಲ. ನಕಲಿಗೆ ಅದನ್ನು ಬಯಸುವುದು ಬಂಜೆಯ ಮಗನಿಗೆ ಹೆಣ್ಣು ನೋಡಿದಂತೆ. ಸೌಕರ್ಯವಿರುವ ಕೇಬಲ್ಲುಗಳಲ್ಲೂ ಬರೆಯುವ ನಡುವೆ ಕರೆಂಟು ಹೋದರೆ ಉಳಿಯುವುದು ಬರೀ ವೈರು. ಅಪ್‌ಡೇಟೇ ಮೃತ್ಯುವಾದದ್ದೂ ಉಂಟು: 2014ರಲ್ಲಿ ಎಫ್‌ಟಿಡಿಐ ಕಂಪನಿಯ ವಿಂಡೋಸ್ ಡ್ರೈವರ್, ತನ್ನ ಯುಎಸ್‌ಬಿ ಚಿಪ್ಪುಗಳ ನಕಲಿಗಳ ಗುರುತಿನ ಸಂಖ್ಯೆಯನ್ನು ಸೊನ್ನೆಯಾಗಿಸಿ, ನಿನ್ನೆಯವರೆಗೆ ದುಡಿದ ಕೇಬಲ್ಲುಗಳನ್ನು ಅನಾಮಿಕವಾಗಿಸಿತು.

ದೂರ ಹೆಚ್ಚಾದರೆ ಸಂಕೇತ ಸೊರಗುತ್ತದೆ, ಉದ್ದದ ಕೇಬಲ್ಲೇ ದೋಷಿ ಎಂಬ ವಾದವನ್ನು ಈ ಊರಲ್ಲಿ ಎತ್ತಲೇಬಾರದು. 1902ರಲ್ಲಿ ಶಿವನಸಮುದ್ರದ ಕರೆಂಟು ಸುಮಾರು 150 ಕಿಲೋಮೀಟರ್ ತಂತಿಯ ಮೇಲೆ ನಡೆದು ಇಲ್ಲಿಯ ಗಣಿ ಮುಟ್ಟಿತು; ಒಂದೂವರೆ ಮೀಟರಿನಲ್ಲಿ ದಾರಿ ತಪ್ಪುವವನನ್ನು ದೂರದ ಹೆಸರಲ್ಲಿ ಕ್ಷಮಿಸಲಾಗದು.

ಕೊನೆಯ ಆಕ್ಷೇಪ: ಕಾರೇ ನಿಜವಾಗಿ ಕೆಟ್ಟಿದ್ದರೆ? ಅಸಂಭವವಲ್ಲ, ಆದರೆ ಅದು ಕಡೆಯಲ್ಲಿ ಒಪ್ಪತಕ್ಕದ್ದು. ಮೊದಲು ಕೇಬಲ್ಲು ಕೂರುವ ಕಾರಿನ ಸಾಕೆಟ್ಟಿನ 16ನೇ ಪಿನ್ನಿಗೂ 4ನೆಯದಕ್ಕೂ ಮೀಟರ್ ಹಿಡಿದು ಬ್ಯಾಟರಿಯ ವೋಲ್ಟೇಜು ನೋಡಬೇಕು. ಕೇಬಲ್ಲು ಹೇಳುವ ವೋಲ್ಟೇಜನ್ನು ಅದರೊಂದಿಗೆ ತಾಳೆ ಹಾಕಬೇಕು. ಆಮೇಲೆ ಅದೇ ಕೇಬಲ್ಲನ್ನು ಆರೋಗ್ಯವಂತ ಕಾರಿಗೂ, ಅದೇ ಕಾರಿಗೆ ನಂಬಿಕಸ್ತ ಕೇಬಲ್ಲನ್ನೂ ಜೋಡಿಸಬೇಕು. ಎರಡೂ ಪರೀಕ್ಷೆಗಳು ಕಾರನ್ನೇ ದೋಷಿ ಎಂದರೆ ಮಾತ್ರ ಬಾನೆಟ್ ಎತ್ತುವ ಅಧಿಕಾರ. ಇಷ್ಟು ಸಿದ್ಧಾಂತ. ಕೇಬಲ್ಲಿನ ಚಿಕಿತ್ಸೆಯ ಖರ್ಚನ್ನು ಕಾರಿನವನ ಬಿಲ್ಲಿಗೆ ಸೇರಿಸಬಹುದೇ ಎಂಬ ಬಗ್ಗೆ ಶಾಸ್ತ್ರ ಮೌನವಾಗಿದೆ. ಮೌನವನ್ನು ಸಮ್ಮತಿ ಎಂದು ಓದುವುದು ಗ್ಯಾರೇಜಿನ ಪಾಠಾಂತರ.